ಮಫ್ಲರ್ ಸುತ್ತಿಕೊಂಡ ಹೆಣ

೧೧ ಜನವರಿ ೧೯೪೯

ಅಕ್ಕಾ,

ಸಕಲ ಲೋಕಕ್ಕೂ, ವಿಶೇಷವಾಗಿ ನಿನ್ನ ಮನೆ ಕೆಳಗಿನ ಅಂಗಡಿಯಲ್ಲಿ ಗಡಿಯಾರ ರಿಪೇರಿ ಮಾಡುವ ಮಹನೀಯರಿಗೂ ಈ ಮೂಲಕ ತಿಳಿಯಪಡಿಸುವುದೇನೆಂದರೆ: ನನ್ನ ಎಡಗಿವಿ ಚಲನಚಿತ್ರರಂಗವನ್ನು ಪ್ರವೇಶಿಸಿದೆ.

ಪೂರ್ತಿ ನಾನಲ್ಲ, ಕಿವಿ ಮಾತ್ರ. ರೈಲ್ವೆ ನಿಲ್ದಾಣದ ದೃಶ್ಯ. ನಾಯಕಿ ಅಳುತ್ತಾ ಓಡಿ ಬರುತ್ತಾಳೆ, ಸುತ್ತ ಜನಜಂಗುಳಿ, ಆ ಜಂಗುಳಿಯಲ್ಲಿ ನಾನೂ ಒಂದು ಚೂರು ಜಂಗುಳಿ. ಎಡಿಟಿಂಗ್ ಕೋಣೆಯವನು ನನ್ನನ್ನು ಕರೆದು ತೋರಿಸಿದ. ಅವಳ ಕೂದಲಿನ ಆಚೆ, ಪರದೆಯ ಅಂಚಿನಲ್ಲಿ, ಒಂದು ಕಿವಿ. "ನಿಂದೇ ಅಲ್ವೇನೋ ಇದು? ಮೇಲ್ತುದಿ ಮಡಚಿದೆ ನೋಡು" ಅಂದ. ಚಿಕ್ಕಂದಿನಲ್ಲಿ ನಮ್ಮಕ್ಕ ಹಿಡಿದು ಎಳೆದದ್ದಕ್ಕೆ ಹಾಗಾಯ್ತು ಅಂದೆ. ಕಲೆಗೆ ನೀನು ಸಲ್ಲಿಸಿದ ಸೇವೆ ಸಾಮಾನ್ಯದ್ದಲ್ಲ.

ಚಿತ್ರ ನಿಮ್ಮೂರಿಗೆ ಬಂದಾಗ ಎಲ್ಲರೂ ಹೋಗಿ. ಕಣ್ಣು ಮಿಟುಕಿಸಬೇಡಿ. ಮಿಟುಕಿಸಿದರೆ ನನ್ನ ವೃತ್ತಿಜೀವನ ಪೂರ್ತಿ ತಪ್ಪಿಹೋಗುತ್ತದೆ.

ನೀನು ಕಳಿಸಿದ ಬಾವನ ಮಫ್ಲರ್ ತಲುಪಿತು. ಪೆಟ್ಟಿಗೆ ತಳದಲ್ಲೇ ಇದ್ದರೆ ಹುಳ ತಿನ್ನುತ್ತದೆ ಅಂತ ಬರೆದಿದ್ದೀಯ. ಹುಳ ಎಲ್ಲೂ ತಿಂದಿಲ್ಲ, ಹಿಡಿದು ನೋಡಿದೆ. ಒಂದು ತುದಿಗೆ ಮೂರು ಪಟ್ಟೆ, ಇನ್ನೊಂದು ತುದಿಗೆ ಎರಡೇ. ಇದೇನು ಹೊಸ ಫ್ಯಾಷನ್ನೋ, ನಿನ್ನ ಲೆಕ್ಕವೋ? ಇಲ್ಲಿ ಸ್ಟುಡಿಯೋ ಅಂದರೆ ತಗಡಿನ ದೊಡ್ಡ ಗೋದಾಮು, ಬೆಳಗಿನ ಹೊತ್ತು ಬಾಯಿ ತೆರೆದರೆ ಹೊಗೆ ಬರುತ್ತದೆ. ಕತ್ತಿಗೆ ಸುತ್ತಿಕೊಂಡೇ ಇರುತ್ತೇನೆ.

ಪುಟ್ಟಿಗೆ ಮುದ್ದು. ನಿಮ್ಮ ಅತ್ತೆಗೆ ನಮಸ್ಕಾರ.

ಎಡಗಿವಿಯ ಮಾಲೀಕ,
ತಮ್ಮ


೩ ಫೆಬ್ರವರಿ ೧೯೪೯

ತಮ್ಮಾ,

ನಿನ್ನ ಕಿವಿಯ ಸುದ್ದಿಯನ್ನು ಊಟದ ಹೊತ್ತಿಗೆ ಓದಿ ಹೇಳಿದೆ. ಅತ್ತೆ ತುಂಬಾ ಯೋಚನೆ ಮಾಡಿ, "ಬಲಗಿವಿಗೆ ಯಾಕೆ ಕೊಡಲಿಲ್ಲ?" ಅಂದರು. ಪುಟ್ಟಿ ಕನ್ನಡಿ ಮುಂದೆ ನಿಂತು ತನ್ನ ಕಿವಿ ಎಳೆದುಕೊಂಡು ಸಿನಿಮಾ ಸೇರುವುದಕ್ಕೆ ತಯಾರಾಗುತ್ತಿದ್ದಾಳೆ. ಗಡಿಯಾರದವರಿಗೂ ತಿಳಿಸಿದೆ. "ಕಿವಿ ಇದ್ದು ಏನು ಪ್ರಯೋಜನ, ಆ ಹುಡುಗ ಯಾರ ಮಾತು ಕೇಳಿದಾನೆ?" ಅಂದರು.

ಚಿತ್ರ ಬಂದಿತ್ತು, ಹೋಗಿದ್ದೆವು. ಎಲ್ಲರೂ ನಾಯಕಿಯ ಕಣ್ಣೀರು ನೋಡುತ್ತಿದ್ದರೆ ನಾವು ಮೂವರು ಕಿವಿ ಹುಡುಕುತ್ತಿದ್ದೆವು. ಪುಟ್ಟಿಗೂ ಅತ್ತೆಗೂ ಕಾಣಲಿಲ್ಲ. ನನಗೆ ಕಾಣಿಸಿತು.

ಪಟ್ಟೆ ಫ್ಯಾಷನ್ ಅಲ್ಲ. ಉಲ್ಲನ್ ಮುಗಿದು ಹೋಗಿತ್ತು, ನಿಮ್ಮ ಬಾವ ಫೋಟೋ ತೆಗೆಸಿಕೊಳ್ಳೋಕೆ ಅವಸರ ಮಾಡುತ್ತಿದ್ದರು. "ಎರಡು ಪಟ್ಟೆ ಕಡೆ ನಾನು ಕೈ ಇಟ್ಟುಕೊಳ್ತೀನಿ ಬಿಡೇ" ಅಂದಿದ್ದರು. ಇಟ್ಟುಕೊಳ್ಳಲಿಲ್ಲ. ಫೋಟೋದಲ್ಲಿ ಎರಡೂ ತುದಿ ಕಾಣುತ್ತವೆ.

ಇಲ್ಲಿ ವಿಶೇಷ ಏನಿಲ್ಲ. ಶರ್ಟ್ ಕಾರ್ಖಾನೆಯಲ್ಲಿ ನನ್ನನ್ನು ಕಾಲರ್ ಕೆಲಸ ಬಿಡಿಸಿ ಗುಂಡಿ ಹೊಲಿಯಲು ಹಾಕಿದ್ದಾರೆ. ನಿಮ್ಮ ಬಾವನ ಬಗ್ಗೆ ಸೇನೆಯ ಕಚೇರಿಯಿಂದ ಹೊಸ ಉತ್ತರ ಏನೂ ಇಲ್ಲ, "ಕಾಣೆಯಾಗಿದ್ದಾರೆ" ಅಂತ ಮೊದಲು ಬರೆದದ್ದೇ ಕೊನೆ. ನಾನೂ ಕೇಳುವುದು ಬಿಟ್ಟಿದ್ದೇನೆ. ಅತ್ತೆ ಬಿಟ್ಟಿಲ್ಲ. ಮಗನಿಗೆ ಅಂತ ದಿನಾ ನಾಲ್ಕನೇ ತಟ್ಟೆ ಇಡುತ್ತಾರೆ. ಊಟ ಆದಮೇಲೆ ಆ ಖಾಲಿ ತಟ್ಟೆಯನ್ನೂ ನಾನು ತೊಳೆಯುತ್ತೇನೆ.

ನೀನು ಯಾವಾಗ ಬರುತ್ತೀಯ? ಯುದ್ಧ ಮುಗಿದಾಗ ಎರಡು ದಿನ ಇದ್ದು ಹೋದವನು ಮತ್ತೆ ಈ ಕಡೆ ತಲೆ ಹಾಕಿಲ್ಲ. ಕಿವಿಯನ್ನಾದರೂ ಕಳಿಸು.

ಅಕ್ಕ


೨೨ ಫೆಬ್ರವರಿ ೧೯೪೯

ಅಕ್ಕಾ,

ನನಗೆ ಬಡ್ತಿ ಸಿಕ್ಕಿದೆ. ಇನ್ನು ಮೇಲೆ ನಾನು ಹೆಣ.

ನಗಬೇಡ. ಈಗ ಎಲ್ಲೆಲ್ಲೂ ಯುದ್ಧದ ಚಿತ್ರಗಳದ್ದೇ ಕಾಲ. ಯುದ್ಧ ನಡೆಯುವಾಗ ಯಾರಿಗೂ ಬೇಡವಾಗಿತ್ತು, ಈಗ ಟಿಕೆಟ್ ತಗೊಂಡು ನೋಡುತ್ತಾರೆ. ಬದುಕಿರುವ ಸೈನಿಕರ ಪಾತ್ರಕ್ಕೆ ಸುಂದರಾಂಗರು ಬೇಕಾದಷ್ಟು ಇದ್ದಾರೆ. ಒಳ್ಳೆಯ ಹೆಣಗಳಿಗೆ ಮಾತ್ರ ಬರ. ಮೊನ್ನೆ ಸೇತುವೆ ಮೇಲೆ ನಮ್ಮನ್ನು ಸಾಲಾಗಿ ಮಲಗಿಸಿದ್ದರು. ಒಬ್ಬ ಕೆಮ್ಮಿದ.

"ಏಯ್, ಆ ತುದಿ ಹೆಣ! ಕೆಮ್ಮಬೇಡಯ್ಯ!" ಅಂತ ನಿರ್ದೇಶಕರು ಕಿರುಚಿದರು.

"ನೆಲ ತಣ್ಣಗಿದೆ ಸಾರ್."

"ಸತ್ತವನಿಗೆ ಎಂಥದಯ್ಯ ತಣ್ಣಗೆ! ಅವನನ್ನ ನೋಡಿ ಕಲಿ!"

ಅವನು ಅಂದರೆ ನಾನು. ನನ್ನ ತುಟಿ ಮೇಲೆ ಒಂದು ಇರುವೆ ನಿಧಾನವಾಗಿ, ಏನೋ ಅಳತೆ ತೆಗೆಯುವವರ ಹಾಗೆ, ಓಡಾಡುತ್ತಿತ್ತು. ನಾನು ಅಲ್ಲಾಡಲಿಲ್ಲ. ಅಂದಿನಿಂದ ಇಡೀ ಸ್ಟುಡಿಯೋಗೆ ನಾನು "ಕೊರಡು". "ಕೊರಡನ್ನ ಕರೀರಿ, ಕೊರಡು ಊಟ ಮಾಡ್ತಾ?" ಅಂತ ಎಲ್ಲರ ಬಾಯಲ್ಲೂ ನಾನೇ. ಇದಕ್ಕೇ ಕೀರ್ತಿ ಅನ್ನುವುದು.

ಇನ್ನೊಂದು ವಿಷಯ. ಆ ಬೆಳಗ್ಗೆ ಬಹಳ ಚಳಿ, ಮಫ್ಲರ್ ತೆಗೆಯಲು ಮರೆತಿದ್ದೆ. ವೇಷಭೂಷಣದವನು ಹಾರಿಬಿದ್ದ, ಸೈನಿಕನಿಗೆ ಎಲ್ಲಿಯ ಮಫ್ಲರ್ ಅಂತ. ನಿರ್ದೇಶಕರು ಬಂದು ನೋಡಿ, "ಇರಲಿ ಬಿಡು. ಯಾರೋ ಹೆಣೆದು ಕೊಟ್ಟಿದ್ದಾರೆ ಅಂತ ಗೊತ್ತಾಗುತ್ತೆ" ಅಂದು ಎರಡೂ ತುದಿಯನ್ನು ತಾವೇ ನನ್ನ ಎದೆ ಮೇಲೆ ಹರಡಿದರು. ಕ್ಯಾಮೆರಾ ನನ್ನ ಹತ್ತಿರ ಬಂದು ಸುಮಾರು ಹೊತ್ತು ನಿಂತಿತ್ತು. ಮುಖ ನದಿ ಕಡೆ ತಿರುಗಿಸಿದ್ದೆ, ಆದ್ದರಿಂದ ನನ್ನ ಸೌಂದರ್ಯ ಈ ಸಲವೂ ಗುಟ್ಟಾಗಿಯೇ ಉಳಿದಿದೆ.

ಮುಗಿದ ಮೇಲೆ ಎಲ್ಲಾ ಹೆಣಗಳೂ ಎದ್ದು ಚಹಾಕ್ಕೆ ಓಡಿದವು. ಸಹಾಯಕ ಬಂದು ನನ್ನ ಭುಜ ಅಲ್ಲಾಡಿಸಿದ. "ಏಳೋ ಕೊರಡೂ, ಮುಗೀತು." ನನಗೆ ಏಳಬೇಕು ಅಂತ ಅನ್ನಿಸಿರಲಿಲ್ಲ. ಅಲ್ಲಿ ಚೆನ್ನಾಗಿಯೇ ಇತ್ತು.

ಬರುವ ವಿಚಾರ, ನೋಡೋಣ. ಹೆಣಗಳಿಗೆ ಈಗ ತುಂಬಾ ಕೆಲಸ.

ತಮ್ಮ


೧೯ ಆಗಸ್ಟ್ ೧೯೪೯

ತಮ್ಮಾ,

ಸೇತುವೆ ಚಿತ್ರ ಬಂತು. ಅತ್ತೆಗೆ ಕಾಲುನೋವು, ನಾನೂ ಪುಟ್ಟಿಯೂ ಹೋಗಿದ್ದೆವು. ಮಧ್ಯದಲ್ಲಿ ಎದ್ದು ಬಂದೆವು. ಚೆನ್ನಾಗಿ ಮಲಗಿದ್ದೆ.

ಅಕ್ಕ


೨ ಸೆಪ್ಟೆಂಬರ್ ೧೯೪೯

ಅಕ್ಕಾ,

ಮಧ್ಯದಲ್ಲಿ ಎದ್ದು ಬಂದಿರಾ?

ಒಬ್ಬ ಕಲಾವಿದನ ಎದೆಗೆ ಇದಕ್ಕಿಂತ ಮೊನಚಾದ ಚಾಕು ಇನ್ನೂ ತಯಾರಾಗಿಲ್ಲ. ನನ್ನ ಪರವಾಗಿ ಒಂದೆರಡು ಮಾತು ಹೇಳಿಕೊಳ್ಳುತ್ತೇನೆ. ಹೊಟ್ಟೆ ಉಸಿರಾಡಿದ ಹಾಗೆ ಕಂಡಿದ್ದರೆ ಅದು ಗಾಳಿ. ಕಾಲು ಸೊಟ್ಟಗಿದ್ದದ್ದು ನಿರ್ದೇಶಕರ ಆಸೆ. "ಚೆನ್ನಾಗಿ ಮಲಗಿದ್ದೆ" ಅಂದರೆ ಏನು? ಮಕ್ಕಳನ್ನು ಹೊಗಳಿದ ಹಾಗೆ! ನೀನು ಹೊಗಳಿಕೆಯಲ್ಲಿ ಮೊದಲಿಂದಲೂ ಜಿಪುಣಿ. ನಾನು ಈಜು ಕಲಿತಾಗ "ಒದ್ದೆ ಆಗಿದ್ದೀಯ" ಅಂದಿದ್ದೆ, ನೆನಪಿದೆಯಾ?

ಪುಟ್ಟಿಗೆ ಇಷ್ಟವಾಗಲಿಲ್ಲವೇ? ನನ್ನನ್ನು ಗುರುತು ಹಿಡಿದಳೇ? ಅವಳು ನನ್ನನ್ನು ನೋಡಿದಾಗ ಇನ್ನೂ ತೊದಲುತ್ತಿದ್ದಳು, ನೆನಪಿರಲಾರದು. ನಿಜ ಹೇಳು, ಬೇಜಾರು ಮಾಡಿಕೊಳ್ಳುವುದಿಲ್ಲ. ಮುಂದಿನ ಚಿತ್ರದಲ್ಲಿ ಇನ್ನೂ ಚೆನ್ನಾಗಿ ಸಾಯುತ್ತೇನೆ.

ತಮ್ಮ


೨೮ ನವೆಂಬರ್ ೧೯೪೯

ಅಕ್ಕಾ,

ನೀನು ಉತ್ತರ ಬರೆದಿಲ್ಲ. ಇಷ್ಟು ಕೆಟ್ಟ ಹೆಣವನ್ನು ಯಾರೂ ಎಲ್ಲೂ ಕಂಡಿಲ್ಲ ಅಂತ ಅರ್ಥ ಮಾಡಿಕೊಂಡಿದ್ದೇನೆ. ಆದರೆ ಪ್ರೇಕ್ಷಕ ಮಹಾಜನರು ನಿನ್ನಂಥವರಲ್ಲ. ಕೇಳು.

ನಿರ್ಮಾಪಕರ ಕಚೇರಿಗೆ ಊರೂರಿಂದ ಪತ್ರ ಬರುತ್ತಿವೆಯಂತೆ. ನಾಯಕನ ಬಗ್ಗೆ ಯಾರೂ ಒಂದಕ್ಷರ ಬರೆದಿಲ್ಲ. "ಸೇತುವೆ ಮೇಲಿನ ಮಫ್ಲರಿನವನು ಸಾಯಬಾರದಿತ್ತು" ಅಂತ ಹೆಂಗಸರು ಬರೆಯುತ್ತಿದ್ದಾರೆ. ನಾಯಕ ಹೊಟ್ಟೆಯುರಿಗೆ ಮಜ್ಜಿಗೆ ಕುಡಿಯುತ್ತಿದ್ದಾನೆ. ನಿರ್ಮಾಪಕರು ವ್ಯಾಪಾರಸ್ಥರು. ಸತ್ತವನು ಸತ್ತೇ ಇರಲಿಲ್ಲ, ಬರೀ ಎಚ್ಚರ ತಪ್ಪಿತ್ತು ಅಂತ ಹೇಳಿ ಹೊಸ ಚಿತ್ರ ಶುರು ಮಾಡಿದ್ದಾರೆ. ಮಫ್ಲರಿನವನು ಮನೆಗೆ ವಾಪಸ್ ಬರುತ್ತಾನೆ.

ಅಂದರೆ ನಾನು, ಅಕ್ಕಾ! ಮುಖ ಸಮೇತ! ಪರದೆ ಮೇಲೆ ಹೆಸರು ಹಾಕುತ್ತಾರೆ. ಮಾತು ಕೂಡ ಇದೆ. ಮೆಟ್ಟಿಲು ಹತ್ತಿ ಬಾಗಿಲು ತಟ್ಟುತ್ತೇನೆ. ಒಳಗಿನಿಂದ ಹೆಂಡತಿ "ಯಾರು?" ಅನ್ನುತ್ತಾಳೆ. ನಾನು "ನಾನೇ" ಅನ್ನಬೇಕು. ಅಷ್ಟೇ ಮಾತು. ಆದರೆ ಅದರ ಮೇಲೇ ಇಡೀ ಚಿತ್ರ ನಿಂತಿದೆಯಂತೆ. ಇದು ಸರಿಹೋದರೆ ಇನ್ನು ಮೇಲೆ ನಾನು ನೆಲದ ಮೇಲೆ ಮಲಗಬೇಕಾಗಿಲ್ಲ.

ಕೋಣೆಯಲ್ಲಿ ಅಭ್ಯಾಸ ಮಾಡುತ್ತಿದ್ದೇನೆ. ಪಕ್ಕದ ಕೋಣೆಯವರು ಗೋಡೆ ಗುದ್ದಿ "ಗೊತ್ತು ಕಣಯ್ಯಾ ನೀನೇ ಅಂತ!" ಅನ್ನುತ್ತಾರೆ.

ಒಂದು ಸಾಲು ಬರೆ. ಬೈಗುಳವಾದರೂ ಸರಿ.

ತಮ್ಮ


೧೪ ಡಿಸೆಂಬರ್ ೧೯೪೯

ತಮ್ಮಾ,

ನೀನು ಕೆಟ್ಟದಾಗಿ ಮಲಗಿರಲಿಲ್ಲ. ತುಂಬಾ ಚೆನ್ನಾಗಿ ಮಲಗಿದ್ದೆ, ಅದೇ ಆದದ್ದು.

ನೀನು ಹೆಣವಾದ ಪತ್ರವನ್ನು ನಾನು ಮನೆಯಲ್ಲಿ ಯಾರಿಗೂ ಓದಿ ಹೇಳಿರಲಿಲ್ಲ. ಸೇತುವೆ ಬಂತು. ಹೆಣಗಳ ಸಾಲು ಬಂತು. ಕಿವಿ ನೋಡಿ ನೀನು ಅಂತ ನನಗೆ ಗೊತ್ತಾಯಿತು, ನಗು ಕೂಡ ಬಂತು. ಅಷ್ಟರಲ್ಲಿ ಪುಟ್ಟಿ ಕುರ್ಚಿ ಮೇಲೆ ಎದ್ದು ನಿಂತಳು. ಕೂಗಲಿಲ್ಲ. ಮೆಲ್ಲಗೆ, "ಅಮ್ಮಾ, ಅಪ್ಪ" ಅಂದಳು.

ಅವಳಿಗೆ ಅಪ್ಪ ಅಂದರೆ ಗೋಡೆ ಮೇಲಿನ ಆ ಫೋಟೋ. ಕಪ್ಪು ಬಿಳುಪು. ಒಂದು ಕಡೆ ಮೂರು ಪಟ್ಟೆ, ಒಂದು ಕಡೆ ಎರಡು. ಪರದೆ ಮೇಲೂ ಹಾಗೇ ಇತ್ತು. ಈ ಪ್ರಪಂಚದಲ್ಲಿ ಉಲ್ಲನ್ ಸಾಲದೆ ಹಾಗೆ ಹೆಣೆದವಳು ನಾನೊಬ್ಬಳೇ.

ಅದು ಮಾಮ ಕಣೇ ಅಂತ ಆಗಲೇ ಹೇಳಬೇಕಿತ್ತು. ಕೈ ಹಿಡಿದು ಹೊರಗೆ ಕರಕೊಂಡು ಬಂದೆ. ದಾರಿಯಲ್ಲಿ "ಅಪ್ಪನ್ನ ಅಲ್ಲಿಂದ ಯಾರಾದ್ರೂ ಎತ್ತಿಕೊಂಡು ಹೋಗ್ತಾರಾ?" ಅಂತ ಕೇಳಿದಳು. ಹೋಗ್ತಾರೆ ಅಂದೆ. "ಮಫ್ಲರ್ ಇತ್ತು, ಚಳಿ ಆಗಿರಲ್ಲ" ಅಂದಳು. ಆಮೇಲೆ ಚಪ್ಪಲಿ ಕಚ್ಚುತ್ತಿದೆ ಅಂದಳು.

ಮಾರನೆಯ ದಿನ ಶಾಲೆಯಲ್ಲಿ ಹೇಳಿದ್ದಾಳೆ. ಟೀಚರ್ ಮನೆಗೆ ಬಂದರು. ಅವರ ಹಿಂದೆ ಬೀದಿಯೇ ಬಂತು. ಇಷ್ಟು ವರ್ಷ ನನ್ನ ಮುಖ ನೋಡಿ ಮಾತು ನುಂಗುತ್ತಿದ್ದವರೆಲ್ಲ ಒಂದೇ ಸಲ ಕಕ್ಕಿದ ಹಾಗೆ ಸಮಾಧಾನ ಹೇಳಿದರು. ತಪ್ಪು ವಿಳಾಸ ಅಂತ ವಾಪಸ್ ಕಳಿಸುವುದಕ್ಕೆ ಅದೇನು ಪಾರ್ಸೆಲ್ಲೇ? ತಗೊಂಡೆ. ಗಡಿಯಾರದವರು ಮೇಲೆ ಹತ್ತಿ ಬಂದು, "ಅವರ ಗೌರವಕ್ಕೆ ಇವತ್ತು ಅಂಗಡಿಯ ಎಲ್ಲಾ ಗಡಿಯಾರಾನೂ ನಿಲ್ಲಿಸಿದ್ದೀನಮ್ಮಾ" ಅಂದರು. ಮೆಟ್ಟಿಲಿಳಿಯುವಾಗ ತಿರುಗಿ, "ಅರ್ಧಕ್ಕರ್ಧ ಮೊದಲೇ ನಿಂತಿದ್ದವು, ಸುಳ್ಳು ಹೇಳಬಾರದು" ಅಂದರು.

ಅತ್ತೆಗೂ ಪುಟ್ಟಿಯೇ ಹೇಳಿದ್ದು. ಅವರು ಕೇಳಿದ್ದು ಒಂದೇ. "ಮುಖ ಹೇಗಿತ್ತೇ?"

"ಆ ಕಡೆ ತಿರುಗಿತ್ತು ಅಜ್ಜಿ."

ಅವತ್ತು ಊಟಕ್ಕೆ ಮೂರೇ ತಟ್ಟೆ ಇಟ್ಟರು. ಮಲಗಿದ ಮೇಲೆ ಗೊರಕೆ ಹೊಡೆದರು. ಅವರಿಗೆ ಗೊರಕೆ ಇದೆ ಅನ್ನುವುದೇ ನನಗೆ ಮರೆತುಹೋಗಿತ್ತು.

ನಾನು ಹೇಗಿದ್ದೇನೆ ಅಂದರೆ, ಗುಂಡಿ ಹೊಲಿಯುತ್ತಿದ್ದೇನೆ. ಅಳು ಬರಬಹುದು ಅಂತ ಕೂತು ನೋಡಿದೆ. ನೀರು ಬಾರದ ನಲ್ಲಿಯ ಮುಂದೆ ಕೊಡ ಹಿಡಿದು ಕೂತ ಹಾಗಾಯಿತು. ಎದ್ದು ಕೆಲಸಕ್ಕೆ ಹೋದೆ.

ಮುಖ ಸಮೇತ ಬರುತ್ತೀಯ ಅಂತ ಬರೆದಿದ್ದೀಯ. ಒಳ್ಳೆಯದಾಯಿತು. ನಿನಗೆ ನಮ್ಮ ಅಮ್ಮನ ಮುಖ, ಜನ ನೋಡಲಿ. ನಮ್ಮ ಬಗ್ಗೆ ಯೋಚಿಸಬೇಡ.

ಅಕ್ಕ


೨೦ ಜನವರಿ ೧೯೫೦

ಅಕ್ಕಾ,

ನಿನ್ನ ಪತ್ರ ಬಂದಾಗ ಮುಖಕ್ಕೆ ಬಣ್ಣ ಹಚ್ಚುತ್ತಿದ್ದರು. ಓದಿ ಮಡಚಿ ಇಟ್ಟೆ. ಬಣ್ಣದವನು "ಏನಪ್ಪಾ ಕೊರಡು, ಒಳ್ಳೆ ಸುದ್ದೀನಾ?" ಅಂದ. ಮನೇಲಿ ಎಲ್ಲರೂ ಚೆನ್ನಾಗಿದ್ದಾರೆ ಅಂದೆ.

ಯೋಚಿಸಬೇಡ ಅಂತ ನೀನು ಬರೆದರೆ ಯೋಚಿಸು ಅಂತಲೇ. ಅಷ್ಟು ಗೊತ್ತು ನನಗೆ.

ನಿರ್ದೇಶಕರ ಹತ್ತಿರ ಹೋಗಿ, ಈ ಚಿತ್ರದಲ್ಲಿ ಮಫ್ಲರ್ ಬೇಡ ಸಾರ್ ಅಂದೆ. "ಮಫ್ಲರ್ ಇಲ್ಲದಿದ್ದರೆ ನೀನು ಯಾರಯ್ಯಾ?" ಅಂದರು. ಕೋಪದಿಂದಲ್ಲ, ನಿಜವಾಗಿಯೂ ತಿಳಿದುಕೊಳ್ಳಲು ಕೇಳಿದರು. ಪಾತ್ರ ಬಿಟ್ಟುಬಿಡುತ್ತೇನೆ ಅನ್ನಬಹುದಿತ್ತು. ಅನ್ನಲಿಲ್ಲ. ಮತ್ತೆ ಆ ತಣ್ಣಗಿನ ನೆಲ ನೆನಪಾಯಿತು.

ಆದರೆ ನನ್ನ ಮಾತು ಸರಿಯಾಗಿ ಬರಲಿಲ್ಲ. ಮರದ ಮೆಟ್ಟಿಲು, ಮರದ ಬಾಗಿಲು, ಒಳಗೆ ನಾಯಕಿ. ತಟ್ಟುತ್ತೇನೆ. "ಯಾರು?" ಅನ್ನುತ್ತಾಳೆ. "ನಾನೇ" ಅನ್ನುತ್ತೇನೆ. "ಕಟ್! ನಾನೇ ಅಂತ ಹೇಳಯ್ಯಾ, ನಾನೇನಾ ಅಂತ ಅವಳನ್ನ ಕೇಳಬೇಡ!" ಮತ್ತೆ ತಟ್ಟುತ್ತೇನೆ. "ಕಟ್! ಹೆಣ ಒಳಗೆ ಬಂದ ಹಾಗೆ ಬರ್ತಿದ್ದೀಯಲ್ಲೋ!" ನಾಯಕಿ ಒಳಗಿನಿಂದ, "ಸಾರ್, ನಾನೇ ಹೊರಗೆ ಹೋಗಿ ಬಿಡಲಾ?" ಅಂದಳು. ಎಲ್ಲರೂ ನಕ್ಕರು, ನಾನೂ ನಕ್ಕೆ. ಕೊನೆಗೆ ಮಾತನ್ನೇ ತೆಗೆದರು. ಈಗ ಅವಳು ಕೇಳುವುದಿಲ್ಲ, ಸುಮ್ಮನೆ ಬಾಗಿಲು ತೆರೆಯುತ್ತಾಳೆ. ನಾನು ನಿಂತಿರುತ್ತೇನೆ. ಮುಖ ಇದೆ, ಮಾತಿಲ್ಲ.

ಯಾಕೆ ಬರಲಿಲ್ಲ ಅಂದರೆ, ಆ ಬಾಗಿಲು ತಟ್ಟಿ ನನಗೆ ಅನುಭವ ಇದೆ. ಯುದ್ಧ ಮುಗಿದು ನಿನ್ನ ಮನೆಗೆ ಬಂದೆನಲ್ಲ, ಅವತ್ತು. ಬಾವನಿಗೂ ನನಗೂ ಒಂದೇ ಅಳತೆಯ ಬೂಟು, ಒಂದೇ ಭಾರ. ಆ ಮುರಿದ ಮೆಟ್ಟಿಲು ಇಬ್ಬರ ಕಾಲಿಗೂ ಒಂದೇ ಥರ ಕಿರುಗುಟ್ಟುತ್ತದೆ. ತಟ್ಟಿದೆ. ನೀನು ಓಡಿ ಬಂದದ್ದು ಕೇಳಿಸಿತು. ನೀನು "ಯಾರು?" ಅಂದೆ. ನಾನು ಪೆದ್ದನ ಹಾಗೆ "ನಾನೇ" ಅಂದೆ. ನೀನು ಬಾಗಿಲು ತೆರೆದೆ. ಆಗ ನಿನ್ನ ಮುಖ ಹೇಗಿತ್ತು, ನನ್ನನ್ನು ನೋಡಿದ ಮೇಲೆ ಹೇಗಾಯಿತು, ಎರಡೂ ನೋಡಿದೆ. "ಬಾ, ಕೈಕಾಲು ತೊಳ್ಕೋ" ಅಂದೆ. ಎರಡು ದಿನ ಇದ್ದು ಹೊರಟೆ. ಇನ್ನೊಂದು ಸಲ ಆ ಮೆಟ್ಟಿಲು ಹತ್ತುವುದಕ್ಕಿಂತ ಸೇತುವೆ ಮೇಲೆ ಮಲಗುವುದು ಸುಲಭವಾಗಿತ್ತು.

ಚಿತ್ರ ಮಾರ್ಚಿ ಕೊನೆಗೆ ನಿಮ್ಮೂರಿಗೆ ಬರುತ್ತದೆ. ಪುಟ್ಟಿಯನ್ನು ಕರಕೊಂಡು ಹೋಗಬೇಡ.

ತಮ್ಮ


೬ ಮಾರ್ಚ್ ೧೯೫೦

ತಮ್ಮಾ,

ಕರಕೊಂಡು ಹೋಗಬೇಡ ಅಂದೆ. ಚಿತ್ರಕ್ಕೆ ಮೊದಲು ಪೋಸ್ಟರೇ ಬಂತು. ಗಡಿಯಾರದ ಅಂಗಡಿಯ ಗೋಡೆಗೇ ಅಂಟಿಸಿದ್ದಾರೆ, ಆಳೆತ್ತರ. ಮೆಟ್ಟಿಲು ಹತ್ತುತ್ತಿರುವ ಗಂಡಸು, ಬೆನ್ನು ಮಾತ್ರ, ಹೆಗಲ ಮೇಲಿಂದ ಇಳಿಬಿದ್ದ ಮಫ್ಲರ್. ಮೂರು, ಎರಡು. ಕೆಳಗೆ ದೊಡ್ಡ ಅಕ್ಷರದಲ್ಲಿ "ಅವನು ಮರಳಿ ಬರುತ್ತಿದ್ದಾನೆ".

ಪುಟ್ಟಿಗೆ ಈಗ ಓದಲು ಬರುತ್ತದೆ.

ಮೇಲೆ ಓಡಿ ಬಂದು ಅಜ್ಜಿಗೆ ಹೇಳಿದಳು. ನಾನು ಕಾರ್ಖಾನೆಯಿಂದ ಬರುವಷ್ಟರಲ್ಲಿ ನಾಲ್ಕನೇ ತಟ್ಟೆ ಮತ್ತೆ ಬಂದಿತ್ತು. ಈ ಸಲ ಅದರ ಪಕ್ಕ ಲೋಟ ಕೂಡ. ಅತ್ತೆ ತಲೆ ಬಾಚಿಕೊಂಡು ಬಾಗಿಲ ಕಡೆ ಮುಖ ಮಾಡಿ ಕೂತಿದ್ದರು. ಪುಟ್ಟಿ, "ಅಪ್ಪ ಬರೋದು ಯಾವ ವಾರ ಅಮ್ಮಾ?" ಅಂದಳು.

ಆ ತಟ್ಟೆ ನೋಡಿದೆ. ಇದನ್ನು ಇನ್ನು ನಾನು ತೊಳೆಯಲಾರೆ ಅನ್ನಿಸಿತು. ಅಷ್ಟೇ ಅನ್ನಿಸಿದ್ದು, ಬೇರೆ ದೊಡ್ಡ ಯೋಚನೆ ಏನೂ ಬರಲಿಲ್ಲ. ಚೀಲ ಕೆಳಗಿಟ್ಟು ನಿಂತೇ ಹೇಳಿದೆ. "ಅದು ಅಪ್ಪ ಅಲ್ಲ ಪುಟ್ಟಿ. ಸೇತುವೆ ಮೇಲೆ ಇದ್ದದ್ದೂ ಅಪ್ಪ ಅಲ್ಲ. ಅದು ನಿನ್ನ ಮಾಮ."

"ಸುಳ್ಳು. ಮಾಮ ಅಷ್ಟು ಹೊತ್ತು ಸುಮ್ನೆ ಇರ್ತಾರಾ? ಅವರ ಪತ್ರ ನೋಡಿದ್ರೆ ಗೊತ್ತಾಗಲ್ವಾ?"

"ಅವನ ಕೆಲಸವೇ ಅದು. ಸುಮ್ಮನೆ ಇರೋದು."

"ಹಾಗಾದ್ರೆ ಅಪ್ಪ?"

"ಅಪ್ಪ ಬರೋದಿಲ್ಲ."

ನನ್ನ ಬಾಯಿಂದ ಅದು ಹೊರಗೆ ಬಂದದ್ದು ಇದೇ ಮೊದಲು. ಏನೂ ಆಗಲಿಲ್ಲ. ಕೆಳಗೆ ಯಾರೋ ಗಡಿಯಾರಕ್ಕೆ ಕೀ ಕೊಡುತ್ತಿದ್ದರು. ಪುಟ್ಟಿ ಸುಮಾರು ಹೊತ್ತು ಫೋಟೋ ನೋಡಿ, "ಮತ್ತೆ ಮಾಮ ಯಾಕೆ ಅಪ್ಪಂದು ಹಾಕ್ಕೊಂಡ್ರು?" ಅಂದಳು. ಚಳಿಗೆ ಅಂದೆ. ಅವಳಿಗೆ ನಂಬಿಕೆ ಬಂದಿಲ್ಲ. "ಮಾಮ ಅಂದ್ರೆ ಕಿವಿ ತೋರಿಸ್ಲಿ" ಅನ್ನುತ್ತಾಳೆ. ಅತ್ತೆ ತಟ್ಟೆ ತೆಗೆಯಲಿಲ್ಲ. "ಸರಿ, ಬಂದವನಿಗೆ ಊಟ ಹಾಕು" ಅಂದರು. ಬಂದವನು ಅಂದರೆ ಯಾರು ಅಂತ ನಾನು ಕೇಳಲಿಲ್ಲ.

ಆದ್ದರಿಂದ ಚಿತ್ರ ಬರುವ ಮೊದಲು ನೀನು ಬರಬೇಕು. ಮಫ್ಲರ್ ಹಾಕಿಕೊಂಡೇ ಬಾ. ಅದು ನಿನ್ನ ಕತ್ತಿನಲ್ಲಿರುವುದನ್ನು ಅವಳು ಮುಟ್ಟಿ ನೋಡಲಿ, ಬಣ್ಣ ಹಳದಿ ಅಂತ ನೋಡಲಿ. ಕಿವಿ ಎಳೆಯಲಿ. ಆ ನಾಲ್ಕನೇ ತಟ್ಟೆಯಲ್ಲಿ ನೀನು ಊಟ ಮಾಡು, ಎಂಜಲು ತಟ್ಟೆಯಾದರೆ ತೊಳೆಯಲು ನನಗೇನೂ ಕಷ್ಟವಿಲ್ಲ. ಆಮೇಲೆ ಎಲ್ಲರೂ ಒಟ್ಟಿಗೆ ಹೋಗಿ ಚಿತ್ರ ನೋಡೋಣ. ಮಧ್ಯದಲ್ಲಿ ಏಳುವುದಿಲ್ಲ.

ಅವತ್ತು ನನ್ನ ಮುಖ ನೀನು ನೋಡಿದ್ದು ನನಗೂ ಗೊತ್ತಿತ್ತು. ಆ ಮೆಟ್ಟಿಲನ್ನು ನಾನು ಇನ್ನೂ ರಿಪೇರಿ ಮಾಡಿಸಿಲ್ಲ, ಕಿರುಗುಟ್ಟುತ್ತದೆ. ಅದಕ್ಕೇ ಒಂದು ಸಣ್ಣ ಉಪಕಾರ ಮಾಡು. ಬಾಗಿಲು ತಟ್ಟಬೇಡ. ಕೆಳಗೆ ಅಂಗಡಿ ಹತ್ತಿರ ನಿಂತು, ಮೆಟ್ಟಿಲಿಗೆ ಕಾಲಿಡುವ ಮೊದಲೇ ಜೋರಾಗಿ ಕೂಗು. ಯಾರು ಅಂತ ನಾನು ಕೇಳಿದರೆ, ಕೇಳೇ ಕೇಳುತ್ತೇನೆ, "ನಾನೇ" ಅನ್ನಬೇಡ. "ಅಕ್ಕಾ, ತಮ್ಮ ಬಂದಿದ್ದೀನಿ" ಅನ್ನು.

ಅಕ್ಕ